ರ‍್ಯಾಂಡಿ ನ್ಯೂಮನ್: ವ್ಯಂಗ್ಯಗೀತೆಯೂ ಚಿತ್ರಸಂಗೀತವೂ ಒಬ್ಬರದೇ ಕೈಯಿಂದ?

ಪ್ರಶ್ನೆ (ಕೊಪ್ಪಳದಿಂದ): ಮಗಳೊಂದಿಗೆ ‘ಟಾಯ್ ಸ್ಟೋರಿ’ ನೋಡಿದ ಮೇಲೆ, ಅದಕ್ಕೆ ಸಂಗೀತ ನೀಡಿದ ರ‍್ಯಾಂಡಿ ನ್ಯೂಮನ್ ಅವರ ಹಳೆಯ ಹಾಡುಗಳನ್ನು ಹುಡುಕಿ ಕೇಳಿದೆ. 1977ರ ‘ಶಾರ್ಟ್ ಪೀಪಲ್’ ಕುಳ್ಳರನ್ನು ಹಳಿಯುವಂತಿದೆ. ಮಕ್ಕಳ ಚಿತ್ರಕ್ಕೆ ಅಷ್ಟು ಅಕ್ಕರೆಯ ಹಾಡು ಕಟ್ಟಿದವರು ಇದನ್ನೇಕೆ ಬರೆದರು? ಬಲ್ಲವರು ತಿಳಿಸಬೇಕಾಗಿ ವಿನಂತಿ.

ಉತ್ತರ (ರಾಯಚೂರಿನಿಂದ): ಅಲ್ಲಿ ಮಾತನಾಡುವವನು ಗೀತರಚನಕಾರನಲ್ಲ, ಪೂರ್ವಗ್ರಹ ತುಂಬಿದ ಒಂದು ಪಾತ್ರ, ನಮ್ಮ ಬಯಲಾಟದಲ್ಲಿ ರಾಕ್ಷಸನ ವೇಷ ಕಟ್ಟಿದವನ ಆರ್ಭಟವನ್ನು ಯಾರೂ ಅವನ ಸ್ವಂತ ಅಭಿಪ್ರಾಯವೆಂದು ಎಣಿಸುವುದಿಲ್ಲವಲ್ಲ, ಹಾಗೆ. ಅದಕ್ಕಿಂತ ಹರಿತವಾದದ್ದು 1972ರ ‘ಸೇಲ್ ಅವೇ’. ಗುಲಾಮರ ವ್ಯಾಪಾರಿಯೊಬ್ಬ ಅಮೆರಿಕದ ಸುಖವನ್ನು ಬಣ್ಣಿಸಿ ಆಫ್ರಿಕನ್ನರನ್ನು ಹಡಗು ಹತ್ತಲು ಪುಸಲಾಯಿಸುತ್ತಾನೆ. ರಾಗ ಮಾತ್ರ ಪ್ರಾರ್ಥನೆಯಷ್ಟು ಗಂಭೀರವಾಗಿ, ತುಂಬು ವಾದ್ಯವೃಂದದೊಡನೆ ಸಾಗುತ್ತದೆ. ಮಾತು ಸುಳ್ಳು, ರಾಗ ಚೆಲುವು: ಕುಟುಕುವುದು ಅಲ್ಲಿಯೇ.

ಉತ್ತರ (ಬಳ್ಳಾರಿಯಿಂದ): ವಾದ್ಯವೃಂದದ ಮೇಲಿನ ಆ ಹಿಡಿತ ಮನೆತನದ್ದು. ಅವರ ದೊಡ್ಡಪ್ಪ ಆಲ್ಫ್ರೆಡ್ ನ್ಯೂಮನ್ 9 ಆಸ್ಕರ್ ಗೆದ್ದ ಹಾಲಿವುಡ್ ಸಂಗೀತಕಾರರು. ರ‍್ಯಾಂಡಿಯವರಿಗಾದರೋ 15 ಬಾರಿ ನಾಮನಿರ್ದೇಶನಗೊಂಡು ಬರಿಗೈಯಲ್ಲಿ ಮರಳಿದ ಬಳಿಕ, 2002ರಲ್ಲಿ ‘ಮಾನ್‌ಸ್ಟರ್ಸ್, ಇಂಕ್.’ ಚಿತ್ರದ ಹಾಡಿಗೆ ಮೊದಲ ಆಸ್ಕರ್ ದೊರೆಯಿತು.

ಪ್ರಶ್ನೆ ಕೇಳಿದವರು: ಬಯಲಾಟದ ಹೋಲಿಕೆಯಿಂದ ವಿಷಯ ಸ್ಪಷ್ಟವಾಯಿತು. ‘ಸೇಲ್ ಅವೇ’ಯನ್ನು ಇಂದು ರಾತ್ರಿಯೇ ಕೇಳುತ್ತೇನೆ, ಮಗಳು ಮಲಗಿದ ಮೇಲೆ.