ಸ್ಲ್ಯಾಪ್‌ಸ್ಟಿಕ್‌ಗೆ ಕನ್ನಡದಲ್ಲಿ ಏನನ್ನೋಣ?

ಫ್ರಾನ್ಸಿನ ಹಳೆಯ ಮೂಕಿ ಹಾಸ್ಯಚಿತ್ರಗಳ ಬಗ್ಗೆ ಒಂದು ಲೇಖನ ಬರೆಯುತ್ತಿದ್ದೇನೆ. ಸ್ಲ್ಯಾಪ್‌ಸ್ಟಿಕ್, ಅಂದರೆ ಬಿದ್ದು ಎದ್ದು, ಏಟು ತಿಂದು ನಗಿಸುವ ಹಾಸ್ಯ, ಅನ್ನುವ ಕಡೆಯಲ್ಲೆಲ್ಲ ತಡವರಿಸುತ್ತಿದ್ದೇನೆ. ‘ಅಗ್ಗದ ಹಾಸ್ಯ’ ಅಂತ ಬರೆಯುವವರಿದ್ದಾರೆ, ಅದು ನನಗೆ ಸ್ವಲ್ಪವೂ ಒಪ್ಪಿಗೆಯಿಲ್ಲ. ಪಾಥೆ ಕಂಪನಿಯ ಚಿತ್ರಗಳಲ್ಲಿ ಬ್ವಾರೋ ಅನ್ನುವ ಪಾತ್ರವಾಗಿ ಮನೆ ತುಂಬ ಸಾಮಾನು ಒಡೆದು ಹಾಕುತ್ತಿದ್ದ ನಟ ಆಂದ್ರೆ ದೀದ್ ಕಸರತ್ತು ಕಲಿತವನು. ಹಾಗೆ ಬೀಳುವುದಕ್ಕೆ ಮೈ ಪಳಗಿರಬೇಕು, ಅಲ್ವಾ?

‘ಚೇಷ್ಟೆ’ ಅಂದರೆ ಸಾಕೇ? ಲೂಮಿಯೇರ್ ಸೋದರರ 1895ರ ತೋಟಗಾರನ ಚಿತ್ರಕ್ಕೆ ಸಾಕು. ಹುಡುಗ ಪೈಪಿನ ಮೇಲೆ ಕಾಲಿಡುತ್ತಾನೆ, ನೀರು ನಿಂತಿತಲ್ಲ ಅಂತ ತೋಟಗಾರ ಪೈಪಿನ ಬಾಯಿಗೆ ಕಣ್ಣಿಟ್ಟು ನೋಡುವಾಗ ಕಾಲು ತೆಗೆಯುತ್ತಾನೆ, ನೀರು ಮುಖಕ್ಕೇ ಹೊಡೆಯುತ್ತದೆ. ಆದರೆ ಪಾಥೆಯವರದೇ 1907ರ ಒಂದು ಚಿತ್ರದಲ್ಲಿ ಮಾಂಸ ಕದ್ದ ನಾಯಿಯ ಹಿಂದೆ ಪೊಲೀಸರ ದಂಡು ಎದ್ದೂಬಿದ್ದೂ ಓಡುತ್ತದೆ, ಕೊನೆಗೆ ನಾಯಿಯೇ ಅವರನ್ನು ಠಾಣೆಗೆ ಅಟ್ಟಿಸಿಕೊಂಡು ಬರುತ್ತದೆ. ಇಲ್ಲಿ ಚೇಷ್ಟೆ ಎಲ್ಲಿದೆ? ಬರೀ ಓಟ.

ಅದೇ ಕಾಲದ ಫ್ರೆಂಚ್ ಹಾಸ್ಯನಟ ಮ್ಯಾಕ್ಸ್ ಲಿಂಡರ್ ಬಂದರೆ ಇನ್ನೂ ಕಷ್ಟ. ರೇಷ್ಮೆ ಟೋಪಿ, ಕೋಟು, ಕೈಯಲ್ಲಿ ಬೆತ್ತ, ಪೂರ್ತಿ ಸಭ್ಯಸ್ಥ. 1911ರ ಚಿತ್ರವೊಂದರಲ್ಲಿ ಡಾಕ್ಟರು ಹೇಳಿದ ಟಾನಿಕ್ ವೈನನ್ನು ಜಾಸ್ತಿ ಕುಡಿದು, ಸಿಕ್ಕ ದೊಡ್ಡ ಮನುಷ್ಯರ ಜೊತೆಗೆಲ್ಲ ಜಗಳ ತೆಗೆಯುತ್ತಾನೆ. ಅವರು ದ್ವಂದ್ವಯುದ್ಧಕ್ಕೆ ಕರೆದು ತಮ್ಮ ವಿಸಿಟಿಂಗ್ ಕಾರ್ಡ್ ಕೊಡುತ್ತಾರೆ. ಪೊಲೀಸರು ಅವನ ಜೇಬಿನ ಕಾರ್ಡ್ ನೋಡಿ, ಇವನೇ ಆ ದೊಡ್ಡ ಮನುಷ್ಯ ಅಂದುಕೊಂಡು, ಬಹಳ ಮರ್ಯಾದೆಯಿಂದ ಅವರವರ ಮನೆಗೇ ತಂದು ಬಿಡುತ್ತಾರೆ! ಇದನ್ನು ‘ಒರಟು ಹಾಸ್ಯ’ ಅನ್ನಲು ಮನಸ್ಸೇ ಬರುವುದಿಲ್ಲ.

ಸ್ಲ್ಯಾಪ್‌ಸ್ಟಿಕ್ ಅಂದರೆ ಮೂಲದಲ್ಲಿ ಎರಡು ಪಟ್ಟಿ ಸೇರಿಸಿದ ಮರದ ಕೋಲು. ನಾಟಕದಲ್ಲಿ ಹೊಡೆದರೆ ಸದ್ದು ಜೋರು, ಏಟು ಸಣ್ಣದು. ಫ್ರೆಂಚರು ಈ ಬಗೆಯ ಚಿತ್ರಗಳಿಗೆ ಬುರ್ಲೆಸ್ಕ್ ಅನ್ನುತ್ತಾರೆ. ಆ ಮಾತಿನಲ್ಲಿ ಕೋಲೂ ಇಲ್ಲ, ಏಟೂ ಇಲ್ಲ.

‘ಆಂಗಿಕ ಹಾಸ್ಯ’ ಪಾಠಪುಸ್ತಕದ ಮಾತಿನಂತಿದೆ. ‘ಕೋಡಂಗಿ ಆಟ’ ಅಂದರೆ ಬೈದಂತೆ. ತಳ್ಳಾಟ, ಗುದ್ದಾಟದ ಹಾಗೆ ‘ಬೀಳಾಟ’ ಅಂದರೆ ಹೇಗೆ? ನನಗೆ ಇಷ್ಟವಾಗಿದೆ, ಆದರೆ ಮ್ಯಾಕ್ಸ್‌ಗೆ ಒಗ್ಗುತ್ತದೋ ಇಲ್ಲವೋ ನೀವೇ ಹೇಳಿ. ಸಣ್ಣಾಟ, ದೊಡ್ಡಾಟ, ಯಕ್ಷಗಾನ ಬಲ್ಲವರೂ ದಯವಿಟ್ಟು ತಿಳಿಸಿ: ಮಾತಿಲ್ಲದೆ ಬಿದ್ದು ಎದ್ದು ನಗಿಸುವ ಕೆಲಸಕ್ಕೆ ಕಲಾವಿದರ ನಡುವೆ ಬಳಕೆಯಲ್ಲಿರುವ ಹೆಸರು ಏನಾದರೂ ಇದೆಯೇ?