ಡಿಪ್ಲೊಮಾ ಕೇಳಿರುವ ಹುದ್ದೆಗೆ ಬಿಇ ಆದವರು ಕೋರ್ಟಿಗೆ ಹೋಗಬಹುದಾ?

ಪ್ರಶ್ನೆ: ನಮಸ್ಕಾರ ಮೇಡಂ. ವಿಜಯನಗರದಲ್ಲಿ ರೂಮ್ ಮಾಡಿಕೊಂಡು ಕೋಚಿಂಗ್‌ಗೆ ಹೋಗುತ್ತಿದ್ದೇನೆ. ಪಿಯುಸಿ ಮುಗಿಸಿ ನೇರವಾಗಿ ಸಿವಿಲ್ ಬಿಇ ಮಾಡಿದೆ, ಡಿಪ್ಲೊಮಾ ಇಲ್ಲ. ರಾಜ್ಯದ ಒಂದು ನಿಗಮ ಕಿರಿಯ ಎಂಜಿನಿಯರ್ ಹುದ್ದೆಗೆ ಅರ್ಜಿ ಕರೆದಿದೆ. ಅರ್ಹತೆ ‘ಸಿವಿಲ್ ಡಿಪ್ಲೊಮಾ’ ಅಂತ ಮಾತ್ರ ಇದೆ. ಬಿಇ ಅದಕ್ಕಿಂತ ದೊಡ್ಡ ಓದು ಅಲ್ವಾ? ಕೋರ್ಟಿಗೆ ಹೋದರೆ ಅವಕಾಶ ಸಿಗುತ್ತಾ? ಅರ್ಜಿ ಹಾಕಲು ಇನ್ನೊಂದು ವಾರ ಇದೆ.

ವಕೀಲರ ಉತ್ತರ: ಅಧಿಸೂಚನೆ ಪಕ್ಕಕ್ಕಿಡಿ. ಮೊದಲು ಆ ನಿಗಮದ ವೃಂದ ಮತ್ತು ನೇಮಕಾತಿ ನಿಯಮ, ಅಂದರೆ ಯಾವ ಹುದ್ದೆಗೆ ಯಾವ ಅರ್ಹತೆ ಬೇಕು ಎಂದು ಹೇಳುವ ನಿಯಮ, ತೆಗೆದು ಓದಿ. ಅಧಿಸೂಚನೆಗೂ ನಿಯಮಕ್ಕೂ ತಾಳೆಯಾಗದಿದ್ದರೆ ನಿಯಮದ ಮಾತೇ ನಡೆಯುತ್ತದೆ. ಅದರಲ್ಲಿ ‘ಡಿಪ್ಲೊಮಾ ಅಥವಾ ಅದಕ್ಕಿಂತ ಹೆಚ್ಚಿನ ವಿದ್ಯಾರ್ಹತೆ’ ಎಂಬ ಸಾಲು ಇದ್ದರೆ ನಿಮ್ಮ ಕೇಸು ಗಟ್ಟಿ.

ಹಿಂದೆ ಸುಪ್ರೀಂ ಕೋರ್ಟ್ ಮುಂದೆ ಹೀಗೇ ಒಂದು ಕೇಸು ಬಂದಿತ್ತು. ಕೇರಳದ ವಿದ್ಯುತ್ ಮಂಡಳಿಯ ಸಬ್ ಎಂಜಿನಿಯರ್ ಹುದ್ದೆಗೆ ಬಿಟೆಕ್ ಆದವರನ್ನು ಬಿಟ್ಟಿದ್ದರು. ಅವರು ಗೆದ್ದರು. ಮೇಲಿನ ಓದಿನೊಳಗೆ ಕೆಳಗಿನ ಓದು ಸೇರಿದ್ದರೆ ಅದು ಸಾಕು ಅಂತ ಕೇರಳದ ಸೇವಾ ನಿಯಮದಲ್ಲೇ ಬರೆದಿತ್ತು. 2018ರಲ್ಲಿ ಜಮ್ಮು ಕಾಶ್ಮೀರದ ಕೇಸು ಬಂತು. ಮೆಟ್ರಿಕ್ ಜೊತೆ ಐಟಿಐ ಕೇಳಿದ್ದ ಟೆಕ್ನಿಷಿಯನ್ ಹುದ್ದೆಗೆ ಡಿಪ್ಲೊಮಾದವರು ಹಾಕಿದ್ದರು, ಸೋತರು. ಅಲ್ಲಿ ಅಂಥ ನಿಯಮ ಇರಲಿಲ್ಲ. ಯಾವ ಕೆಲಸಕ್ಕೆ ಯಾವ ಓದು ಬೇಕು, ಯಾವುದು ಯಾವುದಕ್ಕೆ ಸಮ ಎಂಬುದನ್ನು ನೇಮಿಸಿಕೊಳ್ಳುವ ಸರ್ಕಾರವೇ ತೀರ್ಮಾನಿಸಬೇಕು, ಸಮಾಜದ ಬೇರೆ ಬೇರೆ ಹಂತದವರಿಗೂ ಕೆಲಸ ಸಿಗಲಿ ಅಂತ ಅದು ಯೋಚಿಸಬಹುದು ಎಂದಿತು ಕೋರ್ಟು.

ಈ ಮಾತು ನನಗೆ ಸರಿ ಕಾಣುತ್ತದೆ. ಎಸ್ಸೆಸ್ಸೆಲ್ಸಿ ಆದ ಮೇಲೆ ಪಾಲಿಟೆಕ್ನಿಕ್ ಸೇರಿದ ಮಕ್ಕಳಿಗೆ ಇಂಥ ಹುದ್ದೆಗಳೇ ದೊಡ್ಡ ಆಸರೆ. ‘ನಾನು ಜಾಸ್ತಿ ಓದಿದ್ದೇನೆ’ ಎಂಬ ವಾದ ಒಂದೇ ಇಟ್ಟುಕೊಂಡು ಹೋಗಬೇಡಿ.

ಮತ್ತೊಬ್ಬರ ಪ್ರಶ್ನೆ: ಮೇಡಂ, ನಾನು ಡಿಗ್ರಿ ಮಾಡಿದ್ದೇನೆ. ಪಿಯುಸಿ ಆದವರಿಗೆ ಮಾತ್ರ ಅಂತ ಇರುವ ಹುದ್ದೆಗೆ ಡಿಗ್ರಿ ತೋರಿಸದೆ ಹಾಕಿದರೆ ಆಗಲ್ವಾ?

ವಕೀಲರ ಉತ್ತರ: ದಯವಿಟ್ಟು ಹಾಗೆ ಮಾಡಬೇಡಿ. ಒಂದು ಸರ್ಕಾರಿ ಬ್ಯಾಂಕಿನ ಪ್ಯೂನ್ ಹುದ್ದೆಗೆ ಪದವೀಧರರು ಅರ್ಜಿ ಹಾಕುವಂತಿರಲಿಲ್ಲ. ಒಬ್ಬರು ಪದವಿ ಮುಚ್ಚಿಟ್ಟು ಆಯ್ಕೆಯಾದರು. ಹೈಕೋರ್ಟ್‌ನಲ್ಲಿ ಗೆದ್ದರೂ 2020ರಲ್ಲಿ ಸುಪ್ರೀಂ ಕೋರ್ಟ್ ಬ್ಯಾಂಕಿನ ಪರ ನಿಂತಿತು. ನಿಯಮ ತಪ್ಪು ಅನ್ನಿಸಿದರೆ ಅದನ್ನೇ ಪ್ರಶ್ನಿಸಿ, ಮುಚ್ಚಿಡಬೇಡಿ.

ಮೊದಲ ಪ್ರಶ್ನೆ ಕೇಳಿದವರು: ಮೇಡಂ, ನಿಯಮ ಸಿಕ್ಕಿತು. ‘ಡಿಪ್ಲೊಮಾ ಅಥವಾ ಹೆಚ್ಚಿನ ವಿದ್ಯಾರ್ಹತೆ’ ಅಂತಲೇ ಇದೆ! ಪರೀಕ್ಷೆ ಬರೆದು, ಫಲಿತಾಂಶ ನೋಡಿಕೊಂಡು ಕೋರ್ಟಿಗೆ ಹೋಗಲಾ? ಕೆಎಟಿಗೆ (ಕರ್ನಾಟಕ ರಾಜ್ಯ ಆಡಳಿತ ನ್ಯಾಯಮಂಡಳಿಗೆ) ಹೋಗಬೇಕಾ?

ವಕೀಲರ ಉತ್ತರ: ತುಂಬಾ ಸಂತೋಷ. ಆದರೆ ಕಾಯಬೇಡಿ. ಸುಮ್ನೆ ಪರೀಕ್ಷೆ ಬರೆದು, ಫೇಲಾದ ಮೇಲೆ ಅಧಿಸೂಚನೆ ತಪ್ಪು ಅಂದವರ ಮಾತನ್ನು ಕೋರ್ಟು ಸಾಮಾನ್ಯವಾಗಿ ಕೇಳುವುದಿಲ್ಲ. ಇದನ್ನೇ ಹೇಳುವ ಸುಪ್ರೀಂ ಕೋರ್ಟಿನ 1995ರ ಮದನ್ ಲಾಲ್ ತೀರ್ಪನ್ನು ಎದುರಿನ ವಕೀಲರು ಮೊದಲ ದಿನವೇ ತೆಗೆದಿಡುತ್ತಾರೆ. ನಿಯಮವನ್ನೇ ಮೀರಿದ ಪ್ರಕರಣಗಳಲ್ಲಿ ವಿನಾಯಿತಿ ಸಿಕ್ಕಿದ್ದುಂಟು, ಆದರೆ ಅದನ್ನು ನಂಬಿ ಕೂರಬಾರದು.

ರಾಜ್ಯ ಸರ್ಕಾರದ ಇಲಾಖೆಯ ಹುದ್ದೆಯಾಗಿದ್ದರೆ ಕೆ.ಜಿ. ರಸ್ತೆಯ ಕಂದಾಯ ಭವನದಲ್ಲಿರುವ ಕೆಎಟಿಗೇ ಮೊದಲು ಹೋಗಬೇಕಿತ್ತು. ಅಲ್ಲಿ ಸೋತರೆ ಹೈಕೋರ್ಟ್. 1997ರಿಂದ ಇದೇ ದಾರಿ. ನಿಗಮ, ಮಂಡಳಿಗಳ ಕೇಸು ಸಾಮಾನ್ಯವಾಗಿ ಸಂವಿಧಾನದ 226ನೇ ವಿಧಿಯ ರಿಟ್ ಅರ್ಜಿಯಾಗಿ ನೇರ ಹೈಕೋರ್ಟಿಗೆ ಹೋಗುತ್ತದೆ.

ಇವತ್ತೇ ಒಂದು ಮನವಿ ಬರೆಯಿರಿ. ನಿಯಮದ ಪ್ರತಿ ಲಗತ್ತಿಸಿ ನಿಗಮದ ಕಚೇರಿಗೆ ಕೊಟ್ಟು, ಸೀಲು ಹಾಕಿದ ಸ್ವೀಕೃತಿ ಪಡೆಯಿರಿ. ಇಮೇಲ್ ಕೂಡ ಮಾಡಿ. ಹಿಂಬರಹ (ಕಚೇರಿಯ ಲಿಖಿತ ಉತ್ತರ) ಬಂದರೆ ಜೋಪಾನವಾಗಿಡಿ. ಆನ್‌ಲೈನ್ ಅರ್ಜಿ ಡಿಪ್ಲೊಮಾ ವಿವರ ಇಲ್ಲದೆ ಮುಂದಕ್ಕೆ ಹೋಗದಿದ್ದರೆ ಆ ಪರದೆಯ ಸ್ಕ್ರೀನ್‌ಶಾಟ್ ತೆಗೆಯಿರಿ. ಸುಳ್ಳು ನಂಬರ್ ತುಂಬಬೇಡಿ. ಕೊನೆಯ ದಿನಕ್ಕೆ ಮೊದಲೇ ರಿಟ್ ಹಾಕಿ, ಅರ್ಜಿ ಸ್ವೀಕರಿಸಲು ಮಧ್ಯಂತರ ಆದೇಶ ಕೇಳಬೇಕು. ಆದೇಶ ಸಿಕ್ಕರೆ ಪರೀಕ್ಷೆಗೆ ಕೂರಬಹುದು, ಆದರೆ ಅದು ಅಂತಿಮ ತೀರ್ಪಿಗೆ ಒಳಪಟ್ಟಿರುತ್ತದೆ. ಅಷ್ಟಕ್ಕೇ ಹುದ್ದೆಯ ಹಕ್ಕು ಬರುವುದಿಲ್ಲ. ಓದು ನಿಲ್ಲಿಸಬೇಡಿ.