ಮದುವೆಗೆ ಮುನ್ನ ಕಾಡುವ ಭಯ: ಓದುಗರ ಸ್ಪಂದನ

ಕಳೆದ ವಾರದ ಸಮಸ್ಯೆ: ನಿಶ್ಚಿತಾರ್ಥ ಮುಗಿದಿದೆ, ಮದುವೆಗೆ ಇನ್ನೊಂದು ತಿಂಗಳಿದೆ. ಸ್ನೇಹಿತರ ಮಾತು ಕೇಳಿ ಮೊದಲ ರಾತ್ರಿಯ ಬಗ್ಗೆ ಭಯ ಹುಟ್ಟಿದೆ. ಹಸ್ತಮೈಥುನದಿಂದ ನರದೌರ್ಬಲ್ಯ ಬಂದಿರಬಹುದೆಂಬ ಅನುಮಾನವೂ ಇದೆ. ಬಸ್ ನಿಲ್ದಾಣದ ಗೋಡೆಯ ಮೇಲಿದ್ದ ಸಂಖ್ಯೆಗೆ ಕರೆ ಮಾಡಿದರೆ, ಮೂರು ತಿಂಗಳ ಔಷಧಕ್ಕೆ ಮುಂಗಡ ಹಣ ಕೇಳಿದರು. ಮದುವೆಯನ್ನು ಮುಂದೂಡಲೇ?

ಆ ಹಣವನ್ನು ದಯವಿಟ್ಟು ಕಟ್ಟಬೇಡಿ. ಲೈಂಗಿಕ ಶಕ್ತಿ ಹೆಚ್ಚಿಸುವುದಾಗಿ ಔಷಧದ ಜಾಹೀರಾತು ನೀಡುವುದನ್ನು 1954ರ ಕಾಯ್ದೆಯೇ ನಿಷೇಧಿಸಿದ್ದರೂ ಗೋಡೆಬರಹಗಳು ಅಳಿಸಿಲ್ಲ. ಮದುವೆ ಗೊತ್ತಾದ ಹುಡುಗರ ಹೆದರಿಕೆಯೇ ಅಂಥವರ ಬಂಡವಾಳ. ಹಸ್ತಮೈಥುನದಿಂದ ನರದೌರ್ಬಲ್ಯವಾಗಲಿ, ಪುರುಷತ್ವ ನಾಶವಾಗಲಿ ಉಂಟಾಗುವುದಿಲ್ಲ. ಹೆದರಿದಾಗ ದೇಹದಲ್ಲಿ ಅಡ್ರಿನಲಿನ್ ಹೆಚ್ಚಿ, ರಕ್ತನಾಳಗಳು ಸಂಕುಚಿಸಿ ಉದ್ರೇಕ ಕುಗ್ಗುವುದರಿಂದ, ‘ನನ್ನಿಂದಾಗದು’ ಎಂಬ ಭಯವೇ ಎಷ್ಟೋ ಸಲ ಆಗದಂತೆ ಮಾಡಿಬಿಡುತ್ತದೆ. ಬೆಳಗಿನ ಜಾವ ಸಹಜವಾಗಿ ಉದ್ರೇಕವಾಗುತ್ತಿದ್ದರೆ ದೈಹಿಕ ದೋಷವಿರುವ ಸಂಭವ ಕಡಿಮೆ. ಅಷ್ಟಕ್ಕೂ ಸಮಾಧಾನವಾಗದಿದ್ದರೆ ನೋಂದಾಯಿತ ವೈದ್ಯರನ್ನು ಕಂಡು ಸಕ್ಕರೆ, ರಕ್ತದೊತ್ತಡ ಪರೀಕ್ಷಿಸಿಕೊಳ್ಳಿ. ಎದುರು ಕುಳಿತು ಹೇಳಲು ಸಂಕೋಚವಾದರೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ‘ಟೆಲಿ ಮಾನಸ್’ 14416ಕ್ಕೆ ಕರೆ ಮಾಡಿ. ಕನ್ನಡದಲ್ಲೇ ಮಾತನಾಡಬಹುದು, ಶುಲ್ಕವಿಲ್ಲ.
– ನಿವೃತ್ತ ಶುಶ್ರೂಷಕಿ, ದಾವಣಗೆರೆ

ವರಪೂಜೆಯಿಂದ ಹಿಡಿದು ಆರತಕ್ಷತೆಯವರೆಗೆ ನಿದ್ದೆಗೆಟ್ಟು, ಬಂದವರೊಡನೆಲ್ಲ ಫೋಟೊಗೆ ನಿಂತು ಕಾಲು ಸೋತವನು ಅದೇ ರಾತ್ರಿ ಏನನ್ನೋ ಸಾಧಿಸಬೇಕೆಂದು ಯಾವ ಶಾಸ್ತ್ರ ಹೇಳಿದೆ? ಆಪಸ್ತಂಬ ಗೃಹ್ಯಸೂತ್ರವಂತೂ ನವದಂಪತಿ ಮೂರು ರಾತ್ರಿ ನೆಲದ ಮೇಲೆ ಮಲಗಿ, ಉಪ್ಪು ಖಾರ ಬಿಟ್ಟು, ಬ್ರಹ್ಮಚರ್ಯದಿಂದಿರಬೇಕೆಂದೇ ವಿಧಿಸುತ್ತದೆ. ಅವಸರವೆಲ್ಲ ನಿಮ್ಮ ಸ್ನೇಹಿತರದು. (ಮರುದಿನ ಬೆಳಿಗ್ಗೆ ‘ಏನಾಯ್ತೋ?’ ಎಂದು ಕೇಳುವವರೂ ಅವರೇ. ಉತ್ತರ ಕೊಡುವ ಅಗತ್ಯವಿಲ್ಲ.)
– ಪುರೋಹಿತರು, ಹೊನ್ನಾವರ

ನಿಮ್ಮ ದೀರ್ಘ ಪತ್ರದಲ್ಲಿ ಆ ಹುಡುಗಿಯ ಬಗ್ಗೆ ಒಂದು ಸಾಲೂ ಇಲ್ಲದಿರುವುದು ನನಗೆ ಸರಿಕಾಣಲಿಲ್ಲ. ತವರು ಬಿಟ್ಟು, ಗುರುತಿಲ್ಲದ ಮನೆಯ ಅಡುಗೆಮನೆಗೂ ಮಲಗುವ ಕೋಣೆಗೂ ಒಟ್ಟಿಗೇ ಹೊಂದಿಕೊಳ್ಳಬೇಕಾದ ಆಕೆಗೆ ನಿಮಗಿಂತ ಹೆಚ್ಚಿನ ಅಳುಕಿರಬಹುದು. ನೋವಾದೀತೆಂಬ ಹೆದರಿಕೆಯನ್ನು ಹೆಚ್ಚಿನ ಹೆಣ್ಣುಮಕ್ಕಳು ತಾಯಿಗೂ ಹೇಳಿಕೊಳ್ಳುವುದಿಲ್ಲ. ಕಾರಣ ತಿಳಿಸದೆ ಮದುವೆ ಮುಂದೂಡಿದರೆ ಜನ ಆಡಿಕೊಳ್ಳುವುದು ಆಕೆಯನ್ನೇ. ಅದರ ಬದಲು ನೀವೇ ಕರೆ ಮಾಡಿ, ‘ನನಗೂ ಗಾಬರಿಯಾಗಿದೆ, ನಿಧಾನವಾಗಿ ಪರಿಚಯವಾಗೋಣ’ ಎಂದು ಹೇಳಿ. ಮನೆಯವರು ಪಕ್ಕದಲ್ಲಿಲ್ಲದ ಹೊತ್ತು ನೋಡಿ, ಈ ಮದುವೆ ಆಕೆಗೆ ಮನಸಾರೆ ಒಪ್ಪಿಗೆಯೇ ಎಂಬುದನ್ನೂ ಕೇಳಿಬಿಡಿ.
– ಗೃಹಿಣಿ, ಗದಗ